ಚೀಟಿಯಲ್ಲಿದ್ದ ಕಾಲು

ನನ್ನ ಹೆಂಡತಿಗೆ ನನ್ನ ಕೆಲಸದ ಮೇಲೆ ಗೌರವವಿಲ್ಲ. ಇದನ್ನು ಚಾಡಿಯೆಂದು ಹೇಳುತ್ತಿಲ್ಲ, ದಾಖಲೆಗಿರಲಿ ಎಂದು ಹೇಳುತ್ತಿದ್ದೇನೆ. ಮನೆಗೆ ಬಂದವರು ಯಾರಾದರೂ "ನಿಮ್ಮ ಯಜಮಾನರು ಏನ್ ಕೆಲಸ ಮಾಡ್ತಾರೆ?" ಎಂದು ಕೇಳಿದರೆ ಹದಿನಾಲ್ಕು ವರ್ಷದಿಂದ ಅವಳದು ಒಂದೇ ಉತ್ತರ: "ಜನರ ಕಾಯಿಲೆಗೆ ನಂಬರ್ ಹಾಕ್ತಾರೆ."

ನಂಬರ್ ಹಾಕುವುದಂತೆ! ಮೆಡಿಕಲ್ ಕೋಡಿಂಗ್ ಎಂಬ ಮಹಾಶಾಸ್ತ್ರಕ್ಕೆ ಇವಳು ಕೊಟ್ಟ ಮರ್ಯಾದೆ ಇದು. ಆಸ್ಪತ್ರೆಯಿಂದ ಫೈಲು ಬರುತ್ತದೆ. ಡಾಕ್ಟರು ಬರೆದದ್ದನ್ನು ನಾನು ಓದಿ, ಆ ಕಾಯಿಲೆಗೆ ಜಗತ್ತೆಲ್ಲ ಒಪ್ಪಿದ ಸಂಕೇತವನ್ನು ಕೊಡುತ್ತೇನೆ. ಉದಾಹರಣೆಗೆ, ಕಾಲಿನ ಚರ್ಮದ ಕೆಳಗೇ ಇರುವ ರಕ್ತನಾಳ ಊದಿಕೊಂಡರೆ ಅದು ಐ ಎಂಬತ್ತು ಪಾಯಿಂಟ್ ಸೊನ್ನೆ. ಅಷ್ಟಕ್ಕೇ ಮುಗಿಯಲಿಲ್ಲ. ಅದರ ಮುಂದೆ ಒಂದು ಬಂದರೆ ಬಲಗಾಲು, ಎರಡು ಬಂದರೆ ಎಡಗಾಲು, ಮೂರು ಬಂದರೆ ಎರಡೂ. ಯಾವ ಕಾಲೆಂದು ಡಾಕ್ಟರು ಬರೆಯದಿದ್ದರೆ ಇನ್ನೊಂದು ಸೊನ್ನೆ. (ಈ ಕಡೇ ಸೊನ್ನೆ ಇದೆಯಲ್ಲ, ಅದು ನಮ್ಮ ವೃತ್ತಿಗೇ ಅವಮಾನ.) ಫೈಲಿನಲ್ಲಿ ಬರೀ 'ಕಾಲು' ಎಂದಿದ್ದರೆ ನಾನು ಸುಮ್ಮನೆ ಬಿಡುವವನಲ್ಲ. ಡಾಕ್ಟರಿಗೆ ಪತ್ರ ಬರೆಯುತ್ತೇನೆ: ಎಡವೋ ಬಲವೋ ದಯವಿಟ್ಟು ಸ್ಪಷ್ಟಪಡಿಸಿ. ಆಫೀಸಿನಲ್ಲಿ ನನ್ನ ಹೆಸರೇ 'ಎಡಬಲ ಸಾಹೇಬ' ಎಂದಾಗಿದೆ.

ನಮ್ಮಲ್ಲಿ ಒಂದು ಬ್ರಹ್ಮಸೂತ್ರವಿದೆ. ಬರೆದಿದ್ದರೆ ಉಂಟು, ಬರೆಯದಿದ್ದರೆ ಇಲ್ಲ. ನಾವು ಊಹೆ ಮಾಡುವಂತಿಲ್ಲ. ರೋಗಿ ಬಂದು ಎದುರಿಗೆ ಕುಂಟಿದರೂ ಡಾಕ್ಟರು ಬರೆಯದಿದ್ದರೆ ಅವನು ಕುಂಟುತ್ತಿಲ್ಲ. ಆಫೀಸಿಗೆ ಇದು ಸರಿಯಾದ ಸೂತ್ರ. ಇದನ್ನು ಮನೆಗೆ ತಂದದ್ದೇ ನನ್ನ ಗ್ರಹಚಾರ.

ನನ್ನ ಹೆಂಡತಿ ಒಂದನೇ ಕ್ಲಾಸಿನ ಟೀಚರು. ದಿನಕ್ಕೆ ಆರು ಗಂಟೆ ನಿಂತೇ ಪಾಠ. ಒಂದು ಸಂಜೆ ನಾನು ಮೇಜಿನ ಮುಂದೆ ಕೆಲಸದಲ್ಲಿದ್ದಾಗ ಬಂದು ನಿಂತಳು.

"ರೀ, ಕಾಲು ನೋಯ್ತಿದೆ."

"ಯಾವ ಕಾಲು?" ಎಂದೆ, ಪರದೆಯಿಂದ ಕಣ್ಣು ತೆಗೆಯದೆ.

"ನಂದೇ."

"ಹಾಗಲ್ಲ ಕಣೇ. ಎಡವೋ ಬಲವೋ? ಮೊಣಕಾಲಿನ ಮೇಲೋ ಕೆಳಗೋ? ಎಷ್ಟು ದಿನದಿಂದ? ಸರಿಯಾಗಿ ಹೇಳ್ಬೇಕು."

ಅವಳು "ಏನಿಲ್ಲ ಬಿಡಿ" ಎಂದು ಒಳಗೆ ಹೋದಳು. ನಾನು ಮನಸ್ಸಿನಲ್ಲೇ ಒಂದು ಸೊನ್ನೆ ಹಾಕಿ ಮುಂದಿನ ಫೈಲಿಗೆ ಹೋದೆ. (ಇದೇ ಸಂಭಾಷಣೆ ಮೂರು ಸಲ ನಡೆಯಿತೆಂದು ಮಗಳು ಆಮೇಲೆ ಲೆಕ್ಕ ಕೊಟ್ಟಳು. ನನಗೆ ನೆನಪಿರುವುದು ಒಂದೇ ಸಲ.)

ಮೂರು ವಾರದ ನಂತರ ಒಂದು ಭಾನುವಾರ ಅವಳು ಮಗಳ ಹೆಗಲು ಹಿಡಿದು ಒಂದೊಂದೇ ಮೆಟ್ಟಿಲು ಇಳಿಯುವುದು ಕಣ್ಣಿಗೆ ಬಿತ್ತು. ಎದ್ದು ಓಡಿದೆ. ಕುರ್ಚಿಯಲ್ಲಿ ಕೂರಿಸಿ ಎದುರಿಗೆ ನೆಲದ ಮೇಲೆ ಕೂತು ನೋಡಿದರೆ, ಮೀನಖಂಡದ ಒಳಬದಿಯಲ್ಲಿ ಉದ್ದಕ್ಕೆ ಒಂದು ಕೆಂಪು ಗೆರೆ. ಬೆರಳಿಟ್ಟರೆ ಒಳಗೆ ಹಗ್ಗದ ತುಂಡಿನಂತೆ ಗಟ್ಟಿ. ಈ ಕಾಯಿಲೆಗೆ ನಾನು ಸಾವಿರ ಸಲ ಸಂಕೇತ ಹಾಕಿದ್ದೇನೆ. ಮುಟ್ಟಿದರೆ ಬಿಸಿಯಾಗಿರುತ್ತದೆ ಎಂದು ಸಾವಿರ ಫೈಲಿನಲ್ಲಿ ಓದಿದ್ದೇನೆ. ಅದು ನಿಜವಾಗಿಯೂ ಬಿಸಿಯಾಗಿರುತ್ತದೆ ಎಂದು ಅವತ್ತೇ ಗೊತ್ತಾದದ್ದು.

ಏನೂ ಗೊತ್ತಿಲ್ಲದವನಾಗಿದ್ದರೆ ಧೈರ್ಯವಾಗಿರುತ್ತಿದ್ದೆ. ನನಗೆ ಗೊತ್ತಿತ್ತು, ಪಾಯಿಂಟಿನ ಮುಂದಿನ ಸೊನ್ನೆ ಹೋಗಿ ಒಂದೋ ಎರಡೋ ಆದರೆ ಆಳದ ರಕ್ತನಾಳ. ಅಲ್ಲಿ ಹೆಪ್ಪುಗಟ್ಟಿದ ರಕ್ತ ಕಳಚಿಕೊಂಡು ಮೇಲೆ ಹೋದರೆ ಐ ಇಪ್ಪತ್ತಾರು, ಶ್ವಾಸಕೋಶ. ಆ ಇಪ್ಪತ್ತಾರರ ಫೈಲುಗಳು ಹೇಗೆ ಮುಗಿಯುತ್ತವೆಂದೂ ಗೊತ್ತಿತ್ತು.

"ಯಾಕ್ರೀ ಮುಖ ಹಾಗ್ ಮಾಡ್ಕೊಂಡಿದ್ದೀರಾ? ಕಾಲು ನಂದು" ಎಂದಳು.

"ಸುಮ್ನಿರು. ನಡಿ ಆಸ್ಪತ್ರೆಗೆ."

ಆಸ್ಪತ್ರೆಯಲ್ಲಿ ರಿಸೆಪ್ಷನ್ ಹುಡುಗಿ ಒಂದು ಫಾರಂ ಕೊಟ್ಟಳು. ಹೆಂಡತಿ ಕೈ ಚಾಚಿದಳು. ನಾನು ಬಿಡುತ್ತೇನೆಯೇ? "ಇದು ನನ್ನ ಕ್ಷೇತ್ರ" ಎಂದು ಕಿತ್ತುಕೊಂಡು, ಮುತ್ತಿನಂಥ ಅಕ್ಷರದಲ್ಲಿ ಒಂದು ಖಾನೆಯನ್ನೂ ಬಿಡದೆ ತುಂಬಿದೆ. ಅವಳನ್ನು ಡಾಕ್ಟರಮ್ಮ ಒಳಗೆ ಕರೆದಾಗ ನಾನು ಇನ್ನೂ ರಿಸೆಪ್ಷನ್ ಹುಡುಗಿಗೆ ಫಾರಂ ತುಂಬಿಸಿಕೊಳ್ಳುವುದು ಹೇಗೆಂದು ಉಪದೇಶ ಮಾಡುತ್ತಿದ್ದೆ. ಹೀಗಾಗಿ ಪರೀಕ್ಷೆ ನಡೆದದ್ದು ನಾನಿಲ್ಲದೆ.

ಚೀಟಿ ಹಿಡಿದು ಹೊರಗೆ ಬಂದಳು. ಮಾತ್ರೆ, ದಿನಕ್ಕೆ ಮೂರು ಸಲ ಬಿಸಿನೀರಿನ ಬಟ್ಟೆಯಿಂದ ಶಾಖ, ಕಾಲು ಎತ್ತರದಲ್ಲಿಟ್ಟು ಮಲಗುವುದು, ಗುರುವಾರ ಸ್ಕ್ಯಾನು. ಸ್ಕ್ಯಾನ್ ನೋಡಿದ ಮೇಲೇ ಆಳದ ರಕ್ತನಾಳದ ವಿಷಯ ಗೊತ್ತಾಗುವುದು. ಎಲ್ಲ ಸರಿಯಾಗಿತ್ತು. ಚೀಟಿಯ ತಲೆಯ ಮೇಲೆ ಅಚ್ಚಾಗಿದ್ದದ್ದು: ಎಡಗಾಲು.

ಮನೆಗೆ ಬಂದು ಬಿಸಿನೀರಿನ ಪಾತ್ರೆ ತಂದು, ಅವಳ ಪಕ್ಕದಲ್ಲೇ ಕೂತು ಬಟ್ಟೆ ಹಿಂಡಿ, ಭಕ್ತಿಯಿಂದ ಅವಳ ಎಡಗಾಲಿನ ಮೇಲಿಟ್ಟೆ.

"ರೀ, ನೋಯ್ತಿರೋದು ಆ ಕಾಲು."

"ಚೀಟಿಯಲ್ಲಿ ಎಡ ಅಂತಿದೆ."

"ಚೀಟಿಗೆ ನೋಯ್ತಿದ್ಯಾ, ನನಗಾ?"

"ನಿನಗೆ ಗೊತ್ತಾಗಲ್ಲ ಕಣೇ. ಬಲಗಾಲು ಕೆಂಪಗಿರೋದು ನನಗೂ ಕಾಣ್ತಿದೆ. ಹಾಗಿದ್ರೂ ಅಷ್ಟು ದೊಡ್ಡ ಡಾಕ್ಟರು ಎಡ ಅಂತ ಬರ್ದಿದ್ದಾರೆ ಅಂದ್ರೆ ಎಡಗಾಲಿನ ಒಳಗೆ ಏನೋ ಕಂಡಿರ್ಬೇಕು. ಹೊರಗೆ ಕಾಣದ್ದು. ಆಳದಲ್ಲಿ."

ಕಡೇ ಮಾತು ಹೇಳುತ್ತಾ, ಇನ್ನೂ ಬಿಸಿಯಿದ್ದ ಬಟ್ಟೆಯನ್ನೇ ಮತ್ತೆ ಬಿಸಿನೀರಿಗೆ ಅದ್ದಿದೆ. ಅವಳು ನನ್ನ ಮುಖ ನೋಡಿದಳು. ಜಗಳಕ್ಕೆ ತೆರೆದ ಬಾಯಿಯನ್ನು ಮುಚ್ಚಿ ಎಡಗಾಲನ್ನು ಸ್ವಲ್ಪ ಮುಂದೆ ಚಾಚಿದಳು. "ಆಯ್ತು, ಮಾಡಿ" ಎಂದಳು.

ನಾಲ್ಕು ದಿನ ರಜೆ ಹಾಕಿ ದಿನಕ್ಕೆ ಮೂರು ಸಲ, ಸಲಕ್ಕೆ ಅರ್ಧ ಗಂಟೆ, ಆ ಏನೂ ಆಗದ ಕಾಲಿಗೆ ಶಾಖ ಕೊಟ್ಟೆ. ಕೊಡುತ್ತಾ ಸುಮ್ಮನೆ ಕೂರಲಾಗುವುದೇ? ಮಾತಾಡಿದೆವು. ಅವಳ ಕ್ಲಾಸಿನಲ್ಲಿ ಮೂವತ್ತೆಂಟು ಮಕ್ಕಳಿವೆ, ಅದರಲ್ಲೊಂದು ಶಾಲೆಗೆ ಸೇರಿದ ಮೇಲೆ ಇನ್ನೂ ಬಾಯೇ ಬಿಟ್ಟಿಲ್ಲ ಎಂದೆಲ್ಲ ನನಗೆ ಆಗಲೇ ತಿಳಿದದ್ದು. ನಾನು ಪಾತ್ರೆ ಎತ್ತಿಕೊಂಡು ಹೋದ ಮೇಲೆ ಮಗಳು ಇನ್ನೊಂದು ಪಾತ್ರೆ ಹಿಡಿದು ಕಳ್ಳಹೆಜ್ಜೆಯಲ್ಲಿ ಬಂದು ಬಲಗಾಲಿಗೆ ಶಾಖ ಕೊಡುತ್ತಿದ್ದಳೆಂಬುದು ಮಾತ್ರ ತಿಳಿಯಲಿಲ್ಲ.

ಈ ನಡುವೆ ಡಾಕ್ಟರಿಗೆ ನನ್ನ ವೃತ್ತಿಯ ಮರ್ಯಾದೆಗೆ ತಕ್ಕ ಒಂದು ಪತ್ರವನ್ನೂ ಸಿದ್ಧ ಮಾಡಿದೆ. 'ಮಾನ್ಯರೇ, ದಾಖಲೆಯಲ್ಲಿ ಎಡ, ಪತ್ನಿಯಲ್ಲಿ ಬಲ. ಈ ವ್ಯತ್ಯಾಸದ ಬಗ್ಗೆ ದಯವಿಟ್ಟು ಸ್ಪಷ್ಟಪಡಿಸಿ. ಇಂಥ ನಿರ್ಲಕ್ಷ್ಯ ಅಕ್ಷಮ್ಯ' ಎಂದು ಮುಗಿಸಿದ್ದೆ.

ಗುರುವಾರ ಸ್ಕ್ಯಾನ್ ಕೋಣೆಯ ಹೊರಗೆ ನಾನು ಕೂತ ಇಪ್ಪತ್ತು ನಿಮಿಷದ ಬಗ್ಗೆ ತಮಾಷೆ ಮಾಡಲು ನನ್ನಿಂದ ಆಗುವುದಿಲ್ಲ. ಅವಳ ಚಪ್ಪಲಿ ನನ್ನ ಪಕ್ಕದಲ್ಲಿದ್ದವು. ಬಲಗಾಲಿನದು ಒಂದು ಬದಿ ಸವೆದಿತ್ತು. ಮೂರು ವಾರ ಅವಳು ಆ ಕಾಲನ್ನು ಎಳೆದುಕೊಂಡು ಶಾಲೆಗೆ ಹೋಗಿದ್ದಳು. ಒಂದೇ ಮನೆಯಲ್ಲಿದ್ದು ನಾನು ನೋಡಿರಲಿಲ್ಲ.

ಡಾಕ್ಟರಮ್ಮ ಒಳಗೆ ಕರೆದು ರಿಪೋರ್ಟು ನೋಡಿ ನಕ್ಕರು. "ಏನೂ ಭಯ ಇಲ್ಲ. ಎರಡೂ ಕಾಲು ನೋಡ್ಸಿದೀನಿ. ಆಳದ ರಕ್ತನಾಳ ಎಲ್ಲ ಚೆನ್ನಾಗಿವೆ. ಬಲಗಾಲಲ್ಲಿ ಮೇಲ್ಗಡೆ ಇರೋದಷ್ಟೇ, ಅದೂ ಇಳೀತಿದೆ. ಶಾಖ ಚೆನ್ನಾಗಿ ಕೊಟ್ಟಿದ್ದೀರಿ."

ಹೋದ ಜೀವ ಬಂದಂತಾಯಿತು. ಜೀವ ಬಂದ ಕೂಡಲೇ, ನೋಡಿ, ಜೊತೆಗೆ ಅಹಂಕಾರವೂ ಬಂತು. "ಬಲಗಾಲು ಅಂದ್ರಾ?" ಎಂದು ಎದ್ದು ನಿಂತು ಪತ್ರವನ್ನು ಮೇಜಿನ ಮೇಲಿಟ್ಟೆ. "ಹಾಗಾದ್ರೆ ಚೀಟಿಯಲ್ಲಿ ಎಡ ಅಂತ ಬರ್ದ ಮಹಾನುಭಾವರು ಯಾರು ಅಂತ ನನಗೆ ಗೊತ್ತಾಗ್ಬೇಕು!"

ಡಾಕ್ಟರಮ್ಮ ಶಾಂತವಾಗಿ ಫೈಲು ತಿರುವಿದರು. "ಆ ಸಾಲು ರಿಸೆಪ್ಷನ್ ಫಾರಮ್ಮಿಂದ ತಾನಾಗೇ ಚೀಟಿಗೆ ಬರುತ್ತೆ. ಅವತ್ತು ನಾನೂ ನೋಡ್ಕೊಳ್ಳಬೇಕಿತ್ತು, ತಪ್ಪಾಯ್ತು. ಇಗೋ ಫಾರಂ."

ನೋಡಿದೆ. ಮುತ್ತಿನಂಥ ಅಕ್ಷರ. 'ಎಡಗಾಲು', ಕೆಳಗೆ ಒತ್ತಿ ಎಳೆದ ಎರಡು ಗೆರೆ. ಅಂಥ ಗೆರೆ ಎಳೆಯುವವನು ನಮ್ಮ ವಂಶದಲ್ಲಿ ಒಬ್ಬನೇ.

"ಅದು... ನಾನು ಕಣ್ಣಾರೆ ನೋಡಿದ್ದೆ..." ಎಂದೆ.

"ಎದುರಿಗೆ ಕೂತು ನೋಡಿದ್ರಿ" ಎಂದಳು ಹೆಂಡತಿ. ಅವಳ ದನಿಯಲ್ಲಿ ಕೋಪವಿರಲಿಲ್ಲ, ಅದು ಒಂದನೇ ಕ್ಲಾಸಿನ ದನಿ. "ನನ್ನ ಬಲ ನಿಮ್ಮ ಎಡಗಡೆಗೆ ಬಂತು. ನಮ್ಮ ಮಕ್ಕಳೂ ಮೊದಲನೇ ವಾರ ಹೀಗೇ ಮಾಡ್ತವೆ. ಅದಕ್ಕೇ ಅವರಿಗೆ ಬಲಗೈ ಎತ್ತು ಅನ್ನುವಾಗ ನಾನು ಎಡಗೈ ಎತ್ತಿ ತೋರಿಸ್ತೀನಿ. ಎರಡನೇ ವಾರಕ್ಕೆ ಸರಿಹೋಗ್ತಾರೆ. ನೀವೂ ಹೋಗ್ತೀರಿ."

ಎಡಬಲ ಸಾಹೇಬರು ಪತ್ರವನ್ನು ಮೆಲ್ಲಗೆ ವಾಪಸು ಎಳೆದುಕೊಂಡು ನಾಲ್ಕಾಗಿ ಮಡಚಿದರು.

"ಮೊದಲ ದಿನವೇ ಜೋರಾಗಿ ಹೇಳೋದಲ್ವಾ ನೀನು? ಸುಳ್ಳುಸುಳ್ಳೇ ನಾಲ್ಕು ದಿನ ಕಾಲು ಹಿಡಿಸಿಕೊಂಡ್ಯಲ್ಲ!"

"ಮೂರು ವಾರ ಹೇಳ್ದೆ, ನೀವು ತಲೆ ಎತ್ತಲಿಲ್ಲ. ತಪ್ಪು ಕಾಲಿಗಾದ್ರೂ ಬಂದು ಕೂತ್ರಲ್ಲ ಅಂತ ಸುಮ್ನಿದ್ದೆ." ಅವಳು ಕಿಟಕಿಯ ಕಡೆ ನೋಡಿದಳು. "ಅದೂ ನನ್ನ ಕಾಲೇ ತಾನೇ."

ಡಾಕ್ಟರಮ್ಮ ಕೆಮ್ಮಿ ಹೊಸ ಚೀಟಿ ಎಳೆದುಕೊಂಡರು.

"ಡಾಕ್ಟ್ರೇ," ಎಂದಳು ಹೆಂಡತಿ, "ಎಲ್ಲಾ ವಿವರವಾಗಿ ಬರ್ದುಬಿಡಿ. ಬರೀದೇ ಇದ್ರೆ ಇವರು ಯಾವುದನ್ನೂ ನಂಬೋದಿಲ್ಲ."

ಆ ಚೀಟಿ ಈಗ ನಮ್ಮ ಫ್ರಿಜ್ಜಿನ ಬಾಗಿಲ ಮೇಲಿದೆ. ಅಂಟಿಸಿದ್ದು ಮಗಳು. ಅದರಲ್ಲಿ ಹೀಗಿದೆ: 'ಬಿಸಿನೀರಿನ ಶಾಖ. ಎರಡೂ ಕಾಲಿಗೆ. ದಿನಕ್ಕೊಮ್ಮೆ, ಅರ್ಧ ಗಂಟೆ. ಗಂಡನೇ ಕೊಡತಕ್ಕದ್ದು.' ಕೆಳಗೆ ಸಹಿ ಮತ್ತು ಸೀಲು. ಸೀಲಿರುವ ಕಾಗದದ ಮುಂದೆ ನಾನು ಏನೆಂದು ವಾದಿಸಲಿ?

ಬಲಗಾಲಿನ ಕೆಂಪು ಹೋಗಿ ತಿಂಗಳ ಮೇಲಾಯಿತು. ನಿನ್ನೆ ಸಂಜೆ ಪಾತ್ರೆ ಕೆಳಗಿಟ್ಟು ಮೆಲ್ಲಗೆ ಕೇಳಿದೆ, "ಎಷ್ಟು ದಿನ ಅಂತ ಅದರಲ್ಲಿ ಬರ್ದಿಲ್ವಲ್ಲೇ?"

"ಹೌದಲ್ಲ, ನಿಲ್ಲಿಸ್ಬೇಕು ಅಂತ ಬರ್ದಿಲ್ಲ" ಎಂದಳು, ಎರಡೂ ಕಾಲು ನನ್ನ ಮಡಿಲ ಮೇಲೆ ಚಾಚುತ್ತಾ. "ಬರೀದೇ ಇದ್ರೆ ಇಲ್ಲ, ಅಲ್ವೇನ್ರೀ?"

ಡಾಕ್ಟರಮ್ಮನಿಗೆ ಸ್ಪಷ್ಟಪಡಿಸಿ ಎಂದು ಒಂದು ಪತ್ರ ಬರೆಯಬಹುದು. ನಾನು ಬರೆದಿಲ್ಲ.