ಸಿಡಿಲಪ್ಪನ ಸಿಹಿಮಾತು

ಯಾರಿಗೆ ಫೋನ್ ಮಾಡಬೇಕಿದ್ದರೂ ಮೊದಲು ಎಕ್ಸ್‌ಚೇಂಜಿನವರ ದನಿ ಕೇಳಲೇಬೇಕಿದ್ದ ಕಾಲ ಅದು. ತಂತಿ ಚುಚ್ಚಿ ಕರೆ ಜೋಡಿಸುವ ಬೋರ್ಡಿನ ಮುಂದೆ ಕೂತವರಿಗೆ ಊರಿನ ನೆಗಡಿ, ನೆಂಟಸ್ತನ ಎಲ್ಲ ಗೊತ್ತು. ಅವರ ಮೇಲ್ವಿಚಾರಕನಿಗೆ ಮಾತ್ರ ಅವರ ಕಷ್ಟಸುಖ ಕೇಳಿ ಗೊತ್ತಿರಲಿಲ್ಲ. ಬಾಯಿ ತೆರೆದರೆ ಬೈಗುಳ. ಹಾಗಾಗಿ ಬೆನ್ನ ಹಿಂದೆ ಅವನ ಹೆಸರು ಸಿಡಿಲಪ್ಪ.

ಒಂದು ದಿನ ಬೆಳಿಗ್ಗೆ ಎಕ್ಸ್‌ಚೇಂಜಿನ ಸಾಹೇಬರು ಅವನನ್ನು ಕರೆದು, "ಗದರಿಸಿದ್ರೆ ಜನ ಕೆಲ್ಸ ಮಾಡಲ್ಲ ಕಣ್ರೀ. ಜನರನ್ನ ನಡೆಸೋದೂ ಒಂದು ವಿದ್ಯೆ. ಇವತ್ತೊಂದಿನ ಒಳ್ಳೆ ಮಾತಾಡಿ ನೋಡಿ" ಎಂದರು.

ಸಿಡಿಲಪ್ಪ ನೆಟ್ಟಗೆ ಎಲ್ಲರಿಗಿಂತ ಹಿರಿಯಳಾದ ದೊಡ್ಡಕ್ಕನ ಬೋರ್ಡಿನ ಬಳಿ ಹೋಗಿ ನಿಂತ. "ಅಕ್ಕಾ, ನಿಮ್ಮ ದನಿ ಕೇಳಿದ್ರೆ ಜಗಳಕ್ಕೆ ಫೋನ್ ಮಾಡಿದವನೂ ತಣ್ಣಗಾಗ್ತಾನೆ."

ದೊಡ್ಡಕ್ಕ ಬೆಚ್ಚಿ ಅವನತ್ತ ತಿರುಗಿದಳು; ಕೈಯಲ್ಲಿದ್ದ ತಂತಿ ಇನ್ಯಾವುದೋ ತೂತಿಗೆ ಹೋಯಿತು. ಅಳಿಯನನ್ನು ಬೈಯಬೇಕಿದ್ದ ಮಾವ, ಹಲ್ಲಿನ ಡಾಕ್ಟರನ್ನು ಬೈದ. ಸಿಡಿಲಪ್ಪ ನಾಲಿಗೆ ತುದಿಗೆ ಬಂದದ್ದನ್ನು ಬಿಸಿ ಕಾಫಿಯ ಹಾಗೆ ನುಂಗಿ, "ಪರವಾಗಿಲ್ಲ ಬಿಡಿ, ಯಾರಿಗಾದ್ರೂ ಆಗತ್ತೆ" ಎಂದ.

ಅವನು ಅತ್ತ ಹೋದದ್ದೇ ತಡ, ದೊಡ್ಡಕ್ಕ ಪಕ್ಕದವಳಿಗೆ ಪಿಸುಗುಟ್ಟಿದಳು: "ಇವ್ರಿಗೆ ವರ್ಗ ಆಗಿದೆ ಕಣೇ! ಇಲ್ದಿದ್ರೆ ಆ ಬಾಯಲ್ಲಿ ಇಂಥ ಮಾತಾ?"

ಎಕ್ಸ್‌ಚೇಂಜಿನಲ್ಲಿ ಗುಟ್ಟು ನಿಲ್ಲುವುದೆಂದರೆ ಜರಡಿಯಲ್ಲಿ ನೀರು ನಿಂತಂತೆ. ಮಧ್ಯಾಹ್ನ ಸಿಡಿಲಪ್ಪ ಮುದಿ ಲೈನ್‌ಮನ್ನನ ಮಂಡಿನೋವು ವಿಚಾರಿಸಿದಾಗಲಂತೂ ಅನುಮಾನವೇ ಉಳಿಯಲಿಲ್ಲ.

ಸಂಜೆ ಬೀಳ್ಕೊಡುಗೆಗೆಂದು ಎಲ್ಲರೂ ಸೇರಿ ಅವನನ್ನು ಕೈಹಿಡಿದು ಕರೆದೊಯ್ದು, ಹೂವು ಕೊಟ್ಟು ಕುರ್ಚಿಯಲ್ಲಿ ಕೂರಿಸಿದರು. ದೊಡ್ಡಕ್ಕ ಎದ್ದು ನಿಂತಳು.

"ಗಾಳಿಮಳೆಗೆ ತಂತಿ ಹರಿದ ದಿನ ನಮ್ಮ ಲೈನ್‌ಮನ್ ಜೊತೆ ಕಂಬ ಹತ್ತಿದ್ದು ಇವ್ರೇ. ಇಳಿಯೋಕೆ ಬರ್ದೆ ಮೇಲಿಂದ್ಲೇ ನಮ್ಮನ್ನೆಲ್ಲ ಬೈದ್ರು. ನನ್ನ ಮಗಳ ಹೆರಿಗೆಯ ದಿನ ನನ್ನ ಜಾಗದಲ್ಲಿ ಕೂತು ಗಂಟಲು ಕಟ್ಟಿಸ್ಕೊಂಡ್ರು. ಮಾರನೇ ದಿನ ಕೈಸನ್ನೆಯಲ್ಲೇ ಬೈದ್ರು."

ಎಲ್ಲರೂ ನಕ್ಕರು, ಎಲ್ಲರ ಕಣ್ಣೂ ತೇವ. ಇವರು ಯಾವುದನ್ನೂ ಮರೆತಿಲ್ಲವಲ್ಲ! ಸಿಡಿಲಪ್ಪನ ಎದೆ ತುಂಬಿಬಂತು. "ನಿಮ್ಮನ್ನೆಲ್ಲ ಬಿಟ್ಟು..." ಎಂದವನು 'ಎಲ್ಲಿಗೂ ಹೋಗಲ್ಲ' ಎನ್ನುವಷ್ಟರಲ್ಲಿ ಮುದಿ ಲೈನ್‌ಮನ್ ಬಂದು ಅವನನ್ನು ಗಟ್ಟಿಯಾಗಿ ತಬ್ಬಿಕೊಂಡ.

ಬಾಗಿಲಲ್ಲಿ ನಿಂತಿದ್ದ ಸಾಹೇಬರು ಕನ್ನಡಕ ಒರೆಸಿಕೊಂಡರು. "ಬೆಟ್ಟದಾಚೆಯ ಎಕ್ಸ್‌ಚೇಂಜಿಗೆ ಹೋಗೋಕೆ ಒಬ್ರೂ ಒಪ್ತಿರ್ಲಿಲ್ಲ. ನೀವಾಗೇ ಹೊರಟಿದ್ದೀರಿ ಅಂತ ಮಧ್ಯಾಹ್ನ ತಿಳೀತು. ಕೂಡ್ಲೇ ವರ್ಗದ ಆರ್ಡರ್ ಟೈಪ್ ಮಾಡ್ಸಿ, ಸಹಿ ಹಾಕಿ ಕಳ್ಸಿದೀನಿ."

"ಯಾವ ತಲೆಕೆಟ್ಟವ್ರು ಹೇಳಿದ್ದು ನಾನು ಹೋಗ್ತೀನಿ ಅಂತ?" ಸಿಡಿಲಪ್ಪ ಸಿಡಿದೆದ್ದ. ಕಿಟಕಿ ಗಾಜು ಅದುರಿತು.

ದೊಡ್ಡಕ್ಕ ಸೆರಗಿನಿಂದ ಕಣ್ಣೊರೆಸಿಕೊಂಡಳು. "ಪಾಪ, ನಮಗೋಸ್ಕರ ಕೊನೇ ಸಲ ಬೈತಿದ್ದಾರೆ. ಚಪ್ಪಾಳೆ ಹೊಡೀರೇ!"