ಇಬ್ಬರಲ್ಲಿ ಒಬ್ಬರು

ಮ್ಯಾನೇಜರು ಹೇಳಿದ್ದು ಒಂದೇ ಒಂದು ಸಣ್ಣ ಸುಳ್ಳು. ಎರಡು ಕೆಲಸ ಮಾಡುವವನು ಎರಡನ್ನೂ ಕೆಡಿಸುತ್ತಾನೆ ಎಂಬುದು ನಿರ್ಮಾಪಕರ ನಂಬಿಕೆ. ಅದಕ್ಕೇ, ಎರಡನ್ನೂ ಮಾಡುವವರು ಮಾಸ್ಟರೊಬ್ಬರೇ ಆದರೂ, ಮ್ಯಾನೇಜರು ಸಿನಿಮಾದ ಸೆಟ್ಟು ಹಾಕುವವರು, ಸಂಗೀತ ಕೂಡಿಸುವವರು ಬೇರೆ ಬೇರೆ ಎಂದುಬಿಟ್ಟಿದ್ದರು. ಹಾಗಾಗಿ ನಮ್ಮ ಮಾಸ್ಟರು ಟೋಪಿ, ಮಾಸ್ಕು ಹಾಕಿಕೊಂಡು ಶೆಡ್ಡಿನಲ್ಲಿ ಗೋಡೆಗೆ ಬಣ್ಣ ಬಳಿಯುವುದು, ನಿರ್ಮಾಪಕರು ಬಂದರೆಂದರೆ ಹಿಂದಿನ ಕೋಣೆಗೆ ಓಡಿ, ಇಸ್ತ್ರಿ ಶರಟು ತೊಟ್ಟು ಹಾರ್ಮೋನಿಯಂ ಮುಂದೆ ಕೂರುವುದು.

ಸೆಟ್ಟು ತಡವಾದರೆ ಮ್ಯಾನೇಜರು, "ಸಂಗೀತದವರು ಮಾತಿಗೆ ಕೂರಿಸ್ಕೊಂಡಿದ್ರು ಸಾರ್" ಎನ್ನುತ್ತಿದ್ದರು. ರಾಗ ತಡವಾದರೆ, "ಸೆಟ್ಟಿನವರು ಬಿಡ್ತಾನೇ ಇಲ್ಲ ಸಾರ್."

ಅವತ್ತು ಬೆಳಗ್ಗೆ ನಿರ್ಮಾಪಕರು ಹೇಳದೆ ಕೇಳದೆ ಬಂದಿಳಿದರು. ಮಾಸ್ಟರು ಅಡುಗೆಮನೆಯ ಸೆಟ್ಟಿಗೆ ಹಸಿರು ಬಳಿಯುತ್ತಿದ್ದರು.

"ನಿಮ್ಮ ಸ್ನೇಹಿತರ ಟ್ಯೂನ್ ಕೇಳೋಕೆ ಬಂದೆ. ಎಲ್ಲಿದ್ದಾರೆ?"

ಮಾಸ್ಟರು ಬಾಯಿ ಬಿಡದೆ ಕುಂಚದಲ್ಲೇ ಹಿಂದಿನ ಕೋಣೆ ತೋರಿಸಿದರು. ನಿರ್ಮಾಪಕರು ಬಾಗಿಲಿನಿಂದ ಹೊರಟರೆ, ಮಾಸ್ಟರು ಸೆಟ್ಟಿನ ಕಿಟಕಿಯಿಂದ ಹಾರಿದರು. ಊರವರ ಉಸಾಬರಿಯೆಲ್ಲ ತನ್ನದೇ ಎಂದುಕೊಂಡಿದ್ದ ಬಡಗಿ ಆಗಲೇ ಕಿಟಕಿಯಾಚೆ ಶರಟು ಹಿಡಿದು ನಿಂತಿದ್ದ.

"ಕೈ ತೂರ್ಸಿ ಸಾರ್. ಅದಲ್ಲ, ಇನ್ನೊಂದು ಕೈ."

ನಿರ್ಮಾಪಕರು ಕೋಣೆಗೆ ಬರುವಷ್ಟರಲ್ಲಿ ಮಾಸ್ಟರು ಹಾರ್ಮೋನಿಯಂ ಮುಂದೆ ಕೂತಿದ್ದರು. ಹಾಡಬೇಕಾಗಿದ್ದುದು ಜೋಗುಳ. ಮಾಸ್ಟರು ಏದುಸಿರಿನಲ್ಲಿ ಹಾಡಿದ ಆ ಜೋಗುಳಕ್ಕೆ ಮಲಗಿದ ಮಗುವೂ ಎದ್ದು ಓಡುವಂತಿತ್ತು.

ನಿರ್ಮಾಪಕರು ಹಾಡು ಬಿಟ್ಟು ಬೇರೇನನ್ನೋ ನೋಡುತ್ತಿದ್ದರು. "ನಿಮ್ಮ ಕಿವಿ ಯಾಕೆ ಹಸಿರಾಗಿದೆ?"

"ಈಗ ತಾನೇ ಸೆಟ್ಟಿನವರನ್ನ ಅಪ್ಪಿಕೊಂಡೆ ಸಾರ್."

"ಬೆಳಗ್ಗೆ ಬೆಳಗ್ಗೆನೇ?"

"ತುಂಬಾ ಹಚ್ಕೊಂಡುಬಿಟ್ಟಿದ್ದೀವಿ."

"ಅದೇ ತೊಂದರೆ ನೋಡಿ" ಎಂದರು ನಿರ್ಮಾಪಕರು. "ನೀವಿಬ್ರೂ ಜೊತೆಗಿದ್ರೆ ನನ್ನ ಸಿನಿಮಾ ಮುಗಿಯಲ್ಲ. ಒಬ್ಬರು ಇರ್ಲಿ, ಇನ್ನೊಬ್ಬರ ಜಾಗಕ್ಕೆ ಬೇರೆಯವರು ಬರ್ಲಿ. ಅವರನ್ನೂ ಕರೆಸಿ, ಎದುರಿಗೇ ಮಾತಾಡೋಣ."

 ಬಾಗಿಲಲ್ಲಿ ನಿಂತಿದ್ದ ಮ್ಯಾನೇಜರು, "ನಾನೇ ಕರ್ಕೊಂಡು ಬರ್ತೀನಿ" ಎಂದು ಹೊರಗೆ ಓಡಿದರು. ತುಸು ಹೊತ್ತಿನಲ್ಲಿ ಅವರ ಹಿಂದೆ ಟೋಪಿ, ಮಾಸ್ಕು ಧರಿಸಿದ ಒಂದು ಆಕೃತಿ ಒಳಗೆ ಬಂತು. ನಡಿಗೆಯಲ್ಲೇ ಮಾಸ್ಟರಿಗೆ ಗುರುತು ಸಿಕ್ಕಿತು: ಬಡಗಿ. ತುಟಿ ಬಿಚ್ಚಬಾರದೆಂದು ಮ್ಯಾನೇಜರು ತಾಕೀತು ಮಾಡಿದ್ದರು.

"ನೀವೇ ಹೇಳಿ ಸಂಗೀತದವರೇ, ಯಾರು ಇರ್ಬೇಕು?"

ಎರಡು ಕಣ್ಣಲ್ಲಿ ಒಂದು ಕೊಡು ಎಂದರೆ ಯಾವುದನ್ನು ಕೊಡುವುದು? ಮಾಸ್ಟರು ಒದ್ದಾಡಿದರು. ಹಾಡನ್ನಾದರೆ ಮನೆಯ ಬಚ್ಚಲಲ್ಲೂ ಕಟ್ಟಬಹುದು. ಗೋಡೆ ಕಟ್ಟಲು ಹೆಂಡತಿ ಬಿಡುವುದಿಲ್ಲ. ಒಂದಾದರೂ ಉಳಿಯಲಿ.

"ಸೆಟ್ಟಿನವರೇ ಇರ್ಲಿ ಸಾರ್. ಅವರು ಬಣ್ಣ ಹಚ್ಚಿದ್ರೆ ಬರೀ ಹಲಗೆ ಮನೆಯಾಗುತ್ತೆ. ಅಂಥ ಕೈ ಇನ್ನೊಂದಿಲ್ಲ. ನಾನು ಹೊರಡ್ತೀನಿ."

ತಮ್ಮನ್ನು ತಾವೇ ಹೊಗಳಿಕೊಳ್ಳುತ್ತಾ ಅವರಿಗೆ ಕಣ್ಣು ತುಂಬಿ ಬಂತು. ನಿರ್ಮಾಪಕರ ಕಣ್ಣೂ ತೇವವಾಯಿತು.

"ಇಂಥ ಸ್ನೇಹ ನಾನು ನೋಡೇ ಇರ್ಲಿಲ್ಲ. ಎಲ್ಲಿ, ಆ ಮಾಸ್ಕ್ ತೆಗೀರಿ, ಇಷ್ಟು ಒಳ್ಳೆಯವರ ಮುಖ ನೋಡೋಣ."

ಬಡಗಿ ಮ್ಯಾನೇಜರ ಕಡೆ ನೋಡಿದ. ಮ್ಯಾನೇಜರು ಸೂರು ನೋಡಿದರು. ಬಡಗಿ ಮಾಸ್ಕು ತೆಗೆದ.

ನಿರ್ಮಾಪಕರು ಅವನ ಎರಡೂ ಕೈ ಹಿಡಿದುಕೊಂಡರು. "ಇನ್ಮೇಲೆ ನನ್ನ ಎಲ್ಲಾ ಸಿನಿಮಾಕ್ಕೂ ನೀವೇ. ಈ ಮುಖ ಮರೆಯಲ್ಲ." ಮಾಸ್ಟರ ಹೆಗಲು ತಟ್ಟಿ, ಹೊರಟೇಹೋದರು.

ಕಾರಿನ ಸದ್ದು ದೂರವಾಯಿತು.

"ಹೋಗಿ ನಿಜ ಹೇಳ್ಬಿಡಿ" ಎಂದರು ಮಾಸ್ಟರು ಮ್ಯಾನೇಜರಿಗೆ.

"ಹೇಳಿದ್ರೆ ಮೂರೂ ಜನದ ಕೆಲಸ ಹೋಗುತ್ತೆ" ಎಂದರು ಮ್ಯಾನೇಜರು ಸಮಾಧಾನದಿಂದ. "ಈಗ ಹೋಗಿರೋದು ನಿಮ್ಮೊಬ್ಬರದ್ದೇ ಅಲ್ವಾ?"

ಬಡಗಿ ಸೊಂಟದ ಮೇಲೆ ಕೈಯಿಟ್ಟು, ಬಾಗಿಲಾಚೆಗಿನ ಹಸಿರು ಗೋಡೆಯನ್ನು ಬಹಳ ಹೊತ್ತು ದಿಟ್ಟಿಸಿದ. ಆಮೇಲೆ ಗಂಭೀರವಾಗಿ ಮಾಸ್ಟರ ಹತ್ತಿರ ಬಂದ. ಆ ದಿನ ಮೊದಲ ಸಲ ಅವನ ಬಾಯಲ್ಲಿ 'ಸಾರ್' ಬರಲಿಲ್ಲ.

"ನೋಡಿ, ನಾನು ಈ ಕೆಲಸಕ್ಕೆ ಬಂದ್ಮೇಲೆ ನನ್ನ ಜಾಗ ಖಾಲಿ ಬೀಳುತ್ತೆ. ನಿಮಗೆ ಉಳಿ ಹಿಡಿಯೋಕೆ ಬರುತ್ತಾ?"