ಟೆಂಡರ್ ಪೆಟ್ಟಿಗೆಯ ಮಾವ

ನಮ್ಮ ಸೋದರಮಾವ ದೇವಸ್ಥಾನದ ತೀರ್ಥವನ್ನೂ ಮೂಸಿ ನೋಡಿ ಕುಡಿಯುತ್ತಿದ್ದವರು. ಉತ್ಪ್ರೇಕ್ಷೆ ಅಂದುಕೊಂಡಿರಾ? ವಿದುರಾಶ್ವತ್ಥದಲ್ಲಿ ಅರ್ಚಕರು ಪ್ರಸಾದವೆಂದು ಒಂದು ಹೋಳು ತೆಂಗಿನಕಾಯಿ ಕೊಟ್ಟರೆ, "ಈ ಕಾಯಿ ತಂದೋರು ಯಾರು?" ಎಂದು ವಿಚಾರಿಸಿ, ತಂದವನು ಒಬ್ಬ ಕಂಟ್ರಾಕ್ಟರ್ ಎಂದು ಗೊತ್ತಾದೊಡನೆ ವಾಪಸ್ ಕೊಟ್ಟುಬಂದ ಮಹಾನುಭಾವರು!

"ದೇವರ ಪ್ರಸಾದಾನೂ ಲಂಚ ಏನ್ರೀ?" ಎಂದು ಅತ್ತೆ ತಲೆ ಚಚ್ಚಿಕೊಂಡರು.

"ದೇವರ ಮೇಲೆ ನನಗೆ ಅನುಮಾನ ಇಲ್ಲ ಕಣೇ. ಕಾಯಿ ಮೇಲೆ."

ಇದು ಐವತ್ತರ ದಶಕದ ಕೊನೆಯ ಮಾತು. ನಾನಾಗ ಗೌರಿಬಿದನೂರಿನ ಶಾಲೆಯಲ್ಲಿ ಪಾಠ ಹೇಳುತ್ತ ಅವರ ಮನೆಯಲ್ಲೇ ಇದ್ದೆ. ಮಾವ ಅಲ್ಲಿನ ಸರ್ಕಾರಿ ಕಚೇರಿಯೊಂದರಲ್ಲಿ ಹೆಡ್ ಗುಮಾಸ್ತರು. ಟೆಂಡರ್ ಪೆಟ್ಟಿಗೆ ಅವರ ವಶ, ಅದರ ಬೀಗದ ಕೈ ಅವರ ಉಡಿದಾರದಲ್ಲಿ! ಬಂದ ಪ್ರತಿ ಲಕೋಟೆಯನ್ನೂ ಬಿಸಿಲಿಗೆ ಹಿಡಿದು, ಅರಗಿನ ಮುದ್ರೆಯನ್ನು ಉಗುರಿನಿಂದ ಕೆರೆದು, ಯಾರೂ ಬಿಚ್ಚಿ ಅಂಟಿಸಿಲ್ಲವೆಂದು ಖಾತ್ರಿಯಾದ ಮೇಲೇ ಎಲ್ಲರೆದುರು ಒಡೆಯುತ್ತಿದ್ದರು. ಟೆಂಡರಿನ ವಾರ ಹೋಟೆಲಿನ ಕಾಫಿ ಬಂದ್, ನೆಂಟರ ಮದುವೆ ಬಂದ್. ಎದುರಿಗೆ ಕಂಟ್ರಾಕ್ಟರ್ ಕಂಡರೆ ಮೋಡವಿಲ್ಲದ ದಿನವೂ ಕೊಡೆ ಬಿಚ್ಚಿ ಮುಖ ಮರೆಸಿಕೊಳ್ಳುತ್ತಿದ್ದರು.

ಮಗನ ಮುಂಜಿಗೆ ಅಡುಗೆಯವರನ್ನು ಗೊತ್ತು ಮಾಡುವಾಗಲೂ ಮುಚ್ಚಿದ ಲಕೋಟೆಯೇ ಬೇಕೆಂದರು. ಚಿಂತಾಮಣಿ ಕಡೆಯ ಅಡುಗೆ ಭಟ್ಟರೊಬ್ಬರು ಬಾಗಿಲಲ್ಲೇ ಕೈ ಮುಗಿದರು. "ಅಯ್ಯೋ ದೇವುಡಾ! ನಾನ್ ಮಾಡೋ ಹುಳಿ ರುಚೀನ ಲಕೋಟೇಲಿ ಹೆಂಗ್ ಕಳಿಸ್ಲಿ ಸ್ವಾಮಿ?" ಕೊನೆಗೆ ಅತ್ತೆಯೇ ಅವರನ್ನು ಒಳಗೆ ಕರೆದು ಎಲೆ ಅಡಿಕೆ ಕೊಟ್ಟರು.

ಇಂಥವರಿಗೆ ಶಿರಸ್ತೇದಾರರಾಗುವ ಬಡ್ತಿ ಇನ್ನೇನು ಬಂತು ಎನ್ನುವಾಗ ಶಾಲೆಗಳಿಗೆ ಬೆಂಚು ಮಾಡಿಸುವ ಟೆಂಡರ್ ಬಂತು. ಮಧ್ಯಾಹ್ನ ಮೂರಕ್ಕೆ ಪೆಟ್ಟಿಗೆ ಮುಚ್ಚಬೇಕು. ಮಾವ ದಿನಾ ಬೆಳಿಗ್ಗೆ ರೈಲ್ವೆ ಸ್ಟೇಷನ್ನಿಗೆ ಹೋಗಿ ಅಲ್ಲಿನ ಗಡಿಯಾರ ನೋಡಿಕೊಂಡು ಬಂದು ಕಚೇರಿಯ ಗಡಿಯಾರಕ್ಕೆ ಕೀ ಕೊಡುವುದು ಪದ್ಧತಿ. ಅವತ್ತು ನೋಡಿದರೆ, ಸ್ಟೇಷನ್ ಮಾಸ್ಟರು ಒಬ್ಬ ಕಂಟ್ರಾಕ್ಟರ್ ಜೊತೆ ನಗುತ್ತ ನಿಂತಿದ್ದಾರೆ! ಸಾಲದೇ? ಸ್ಟೇಷನ್ ಗಡಿಯಾರದಲ್ಲೇ ಏನೋ ಮಸಲತ್ತಿದೆ ಎಂದುಕೊಂಡು, ತಮ್ಮ ಜೇಬುಗಡಿಯಾರ ನೋಡಿ ಕಚೇರಿಯ ಮುಳ್ಳು ತಿರುಗಿಸಿಬಿಟ್ಟರು.

ಅಲೀಪುರದ ಬಡಗಿ ಸಾಬರು ಲಕೋಟೆ ಹಿಡಿದು ಓಡಿಬಂದಾಗ ಕಚೇರಿ ಗಡಿಯಾರದಲ್ಲಿ ಮೂರು ಗಂಟೆ ಐದು ನಿಮಿಷ.

"ಸ್ಟೇಷನ್ ಗಡಿಯಾರ ನೋಡ್ಕೊಂಡೇ ಬಂದಿದ್ದೀನಿ ಸ್ವಾಮಿ, ಇನ್ನೂ ಮೂರಾಗಿಲ್ಲ!"

"ಆ ಗಡಿಯಾರದ ವಿಷಯ ನನಗೆ ಗೊತ್ತು, ಹೋಗಿ," ಎಂದು ಮಾವ ಲಕೋಟೆಯನ್ನು ಮುಟ್ಟಲೂ ಇಲ್ಲ.

ಸಂಜೆ ಅವರಿಗೆ ಏನನ್ನಿಸಿತೋ, ಸ್ಟೇಷನ್ನಿಗೆ ಹೋಗಿ ಬರುವ ಹೋಗುವ ಪ್ರಯಾಣಿಕರ ಗಡಿಯಾರಗಳನ್ನೆಲ್ಲ ಇಣುಕಿ ನೋಡಿದರು. ಎಲ್ಲವೂ ಸ್ಟೇಷನ್ ಗಡಿಯಾರಕ್ಕೆ ಸರಿಯಾಗಿದ್ದವು. ಇವರದೊಂದೇ ಏಳು ನಿಮಿಷ ಮುಂದೆ! ಊರಿನಲ್ಲಿ ಅವರು ಅನುಮಾನಿಸದೆ ಬಿಟ್ಟಿದ್ದ ಒಂದೇ ಒಂದು ವಸ್ತು ಕೈ ಕೊಟ್ಟಿತ್ತು. ಆ ರಾತ್ರಿ ಅವರು ಊಟ ಮಾಡಲಿಲ್ಲ. ಬೆಳಿಗ್ಗೆ ಕಚೇರಿಯ ಮೇಲಧಿಕಾರಿಗೆ ವಿಷಯ ಹೇಳಿದರೆ, "ಆರ್ಡರ್ ಆಗಿಹೋಗಿದೆ, ಸುಮ್ನಿರಿ" ಎಂಬ ಉತ್ತರ ಬಂತು.

ಸಾಬರು ಸುಮ್ಮನಿರಲಿಲ್ಲ. ಬೆಂಗಳೂರಿಗೆ ಹೋಗಿ ಹೈಕೋರ್ಟಿನಲ್ಲಿ ಸರ್ಕಾರದ ಮೇಲೆ ರಿಟ್ ಅರ್ಜಿ ಹಾಕಿದರು. ಸರ್ಕಾರಿ ವಕೀಲರು ಮಾವನಿಗೆ, "ಗಡಿಯಾರ ಸರಿಯಿತ್ತು ಅಂತ ಒಂದು ಸಾಲು ಬರೆದುಕೊಡಿ, ಮುಗೀತು" ಎಂದರಂತೆ. ಮಾವ ಬಡ್ತಿ ಹೋಗುತ್ತದೆಂದು ತಿಳಿದೂ ತಿಳಿದೂ, ಏಳು ನಿಮಿಷದ ಕತೆಯನ್ನು ಪೂರ್ತಿ ಬರೆದು ಸಹಿ ಹಾಕಿಬಂದರು.

ನನಗೆ ಕೆಟ್ಟ ಸಿಟ್ಟು ಬಂತು. "ನಿಮಗ್ಯಾಕೆ ಬೇಕಿತ್ತು ಮಾವ? ಯಾರಿಗೆ ಗೊತ್ತಾಗ್ತಿತ್ತು?"

"ಊರನ್ನೆಲ್ಲ ಅನುಮಾನಿಸ್ದೋನು ನಾನು ಕಣಮ್ಮ. ನನ್ನೊಬ್ಬನ್ನ ಮಾತ್ರ ಬಿಟ್ಟುಬಿಟ್ರೆ ಅದು ಪಕ್ಷಪಾತ ಅಲ್ವೇ?"

ಗುತ್ತಿಗೆ ಯಾರಿಗೆ ಕೊಡಬೇಕೆಂದು ಹೇಳುವುದು ತಮ್ಮ ಕೆಲಸವಲ್ಲ, ಬಾಗಿಲು ಎಲ್ಲರಿಗೂ ಹೇಳಿದ ಹೊತ್ತಿಗೇ ಮುಚ್ಚಿತೇ ಎಂದು ನೋಡುವುದಷ್ಟೇ ತಮ್ಮ ಕೆಲಸ ಎಂದರು ನ್ಯಾಯಾಧೀಶರು. ಟೆಂಡರ್ ರದ್ದಾಯಿತು. ಮತ್ತೆ ಕರೆದಾಗ ಇನ್ನಾರೋ ಸಾಬರಿಗಿಂತ ಕಡಿಮೆಗೆ ಬರೆದು ಗೆದ್ದರು. ಸಾಬರಿಗೆ ಬೆಂಚಿನ ಕೆಲಸ ಸಿಗಲಿಲ್ಲ. ಮಾವನಿಗೆ ಬಡ್ತಿಯ ಬದಲು ಚಿಂತಾಮಣಿಗೆ ವರ್ಗವಾಯಿತು.

ಹೊರಟ ದಿನ ಬಸ್ ಸ್ಟ್ಯಾಂಡಿಗೆ ಕಚೇರಿಯಿಂದ ಒಬ್ಬರೂ ಬರಲಿಲ್ಲ. ಬಂದವರು ಸಾಬರು! ಮಾವ ಹೌಹಾರಿ ಕೊಡೆ ಬಿಚ್ಚಿದರು.

"ಅಲ್ಲೇ ನಿಲ್ಲಿ! ಏನು ತಂದಿದ್ದೀರಿ?"

ಸಾಬರು ನಗುತ್ತ ಎರಡೂ ಕೈ ಚಾಚಿದರು. "ಏನೂ ತಂದಿಲ್ಲ ಸ್ವಾಮಿ, ಖಾಲಿ ಕೈ. ನೀವೇ ನೋಡ್ಕೊಳ್ಳಿ. ಈ ಸಲಾನೂ ಸೋತೆ, ಆದ್ರೆ ಸರಿಯಾಗಿ ಸೋತೆ. ಅದನ್ನ ಹೇಳಿ ಹೋಗಣಾಂತ ಬಂದೆ."

ಮಾವ ಕನ್ನಡಕ ಹಾಕಿಕೊಂಡರು. ಅಭ್ಯಾಸ ನೋಡಿ, ಆ ಅಂಗೈಗಳನ್ನು ಬಿಸಿಲಿಗೆ ತಿರುಗಿಸಿ, ಹಿಂದೆ ಮುಂದೆ ಪರೀಕ್ಷೆ ಮಾಡಿದರು. ನಾನು ನಗಬೇಕೆಂದುಕೊಂಡೆ, ಅಳು ಬಂತು. ಕಂಡಕ್ಟರ್ ಎರಡು ಸಲ ವಿಸಲ್ ಊದಿದ. ಮಾವ ಆ ಖಾಲಿ ಕೈಗಳನ್ನು ಬಿಟ್ಟಿರಲಿಲ್ಲ.